ಕೀಬೋರ್ಡ್ ಕುಟ್ಟೋನಿಗೇನು ಬೆಲೆ?

ಮೊನ್ನೆ ಗೆಳೆಯನೊಬ್ಬ ಮಾತಿನ ಮಧ್ಯೆ ಹೇಳಿದ, "ಕೀಬೋರ್ಡ್‌ನೋನು ಹೋದ್ರೆ ಇನ್ನೊಬ್ಬ ಬರ್ತಾನೆ ಬಿಡೋ, ಹಾಡು ಬರೆಯೋನು ಮುಖ್ಯ." ಮಾತು ನಡೀತಿದ್ದದ್ದು ಇಂಗ್ಲೆಂಡಿನ ಡಿಪೆಶ್ ಮೋಡ್ ಬ್ಯಾಂಡಿನ ಅಲನ್ ವೈಲ್ಡರ್ ಬಗ್ಗೆ. ಅಲ್ಲಿ ಮುಗಿಯದ ಜಗಳವನ್ನ ಇಲ್ಲಿಗೆ ತಂದಿದ್ದೀನಿ, ಸಹಿಸ್ಕೊಳ್ಳಿ :)

(ಒಂದು ಕಾಲಕ್ಕೆ ನಾನೂ ಗಣೇಶನ ಪೆಂಡಾಲುಗಳಲ್ಲಿ ಕೀಬೋರ್ಡ್ ಕುಟ್ಟಿದವನೇ. ಪಕ್ಷಪಾತ ಇದ್ದೇ ಇರುತ್ತೆ.)

ವೈಲ್ಡರ್ ಬ್ಯಾಂಡಿಗೆ ಬಂದದ್ದು 1982ರಲ್ಲಿ, 'ಮೆಲೊಡಿ ಮೇಕರ್' ಪತ್ರಿಕೆಯ ಜಾಹೀರಾತು ನೋಡಿ. 21ರ ಒಳಗಿನವರು ಬೇಕು ಅಂತಿತ್ತು. ಈತನಿಗೆ 22. ವಯಸ್ಸು ಮುಚ್ಚಿಟ್ಟು ಸೇರಿದ. ವೇದಿಕೆಯಲ್ಲಿ ನುಡಿಸೋಕೆ ಬೇಕಾದ, ಆದರೆ ಆ ವರ್ಷದ 'ಎ ಬ್ರೋಕನ್ ಫ್ರೇಮ್' ರೆಕಾರ್ಡಿಂಗಿಗೆ ಬೇಡವಾದ! ಮುಂದಿನ ವರ್ಷದ ಆಲ್ಬಮ್ಮಿಗೆ ಎರಡು ಹಾಡು ಬರೆದ, 1984ರದ್ದಕ್ಕೆ ಒಂದು. ಆಮೇಲೆ ಆತ ಇದ್ದಷ್ಟು ದಿನದ ಆಲ್ಬಮ್‌ಗಳ ಹಾಡುಗಳೆಲ್ಲ ಮಾರ್ಟಿನ್ ಗೋರ್ ಬರೆದವು.

ಹಾಗಾದ್ರೆ ವೈಲ್ಡರ್ ಏನು ಮಾಡ್ತಿದ್ದ? ಗಂಟೆಗಟ್ಟಲೆ ಸ್ಟುಡಿಯೋದಲ್ಲಿ ಕೂತು ಆ ಹಾಡುಗಳಿಗೆ ಮೈ ಕೊಡ್ತಿದ್ದ. ಶಾಸ್ತ್ರೀಯ ಪಿಯಾನೋ ಕಲಿತ ಕೈ, ಜೊತೆಗೆ ಸಿಂಥಸೈಜರ್, ಸ್ಯಾಂಪ್ಲರ್. 1993ರ ಪ್ರವಾಸದಲ್ಲಂತೂ ಡ್ರಮ್ಸ್ ಹಿಂದೆಯೂ ಕೂತ. 'ಎಂಜಾಯ್ ದಿ ಸೈಲೆನ್ಸ್' ಗೊತ್ತಲ್ಲ? ಗೋರ್ ತಂದದ್ದು ನಿಧಾನದ, ಹಾರ್ಮೋನಿಯಂ ಥರದ ಸ್ವರದ ಮೇಲೆ ಹಾಡಿದ ಶೋಕಗೀತೆಯಂಥದ್ದನ್ನ. ಇದಕ್ಕೆ ವೇಗ ಕೊಡೋಣ, ತಾಳ ಹಾಕೋಣ ಅಂದವನು ವೈಲ್ಡರ್. ಗೋರ್‌ಗೆ ಮೊದಲು ಇಷ್ಟವಾಗಲಿಲ್ಲ. 1990ರಲ್ಲಿ ಅದು ಬ್ರಿಟನ್ನಿನಲ್ಲಿ 6ನೇ, ಅಮೆರಿಕಾದಲ್ಲಿ 8ನೇ ಸ್ಥಾನಕ್ಕೇರಿತು. ಇವತ್ತು ಜಗತ್ತು ಗುನುಗೋದು ಆ ವೇಗದ ಹಾಡನ್ನೇ. ಆದರೆ ಬರೆದವರು ಯಾರು ಅಂದ್ರೆ ಒಂದೇ ಹೆಸರು.

ಗೋರ್‌ನ ಹಾಡು ಗೋರ್‌ನದೇ, ಅದರಲ್ಲಿ ತಕರಾರಿಲ್ಲ. ನಿರ್ಮಾಪಕ ಫ್ಲಡ್‌ನ ಪಾಲೂ ದೊಡ್ಡದು, ಆ ಹಾಡಿನ ಗಿಟಾರ್ ಎಳೆ ಗೋರ್‌ನದೇ. ನನ್ನ ತಕರಾರು ಲೆಕ್ಕದ ಮೇಲೆ. ಮಟ್ಟು, ಮಾತು ಇವೆರಡೇ 'ಹಾಡು', ಉಳಿದದ್ದೆಲ್ಲ ಅಲಂಕಾರ ಅನ್ನೋ ಲೆಕ್ಕ ಸ್ವರಲಿಪಿಯ ಹಾಳೆ ಮಾರ್ತಿದ್ದ ಕಾಲದ್ದು. ನಾವು ಕೇಳೋದು ಹಾಳೆಯನ್ನಲ್ಲ ಸ್ವಾಮಿ, ಸದ್ದನ್ನ! ನಮ್ಮ ಕಛೇರಿಗಳಲ್ಲಿ ಪಕ್ಕವಾದ್ಯದವರ ಹೆಸರು ಆಹ್ವಾನಪತ್ರಿಕೆಯಲ್ಲಿರುತ್ತೆ, ಮೃದಂಗದವರಿಗೆ ತನಿ ಆವರ್ತನ ಬಿಡ್ತಾರೆ, ಹಾಡುವವರೇ ತಾಳ ಹಾಕ್ತಾ ಕೂತು ಕೇಳ್ತಾರೆ. ಪಾಪ್ ಬ್ಯಾಂಡಿನಲ್ಲಿ ಆ ಮರ್ಯಾದೆ ಎಲ್ಲಿ?

1995ರ ಜೂನ್ 1, ತನ್ನ ಹುಟ್ಟುಹಬ್ಬದ ದಿನವೇ ವೈಲ್ಡರ್ ಬ್ಯಾಂಡ್ ಬಿಟ್ಟ. ಕೆಲಸದ ಹಂಚಿಕೆ ಸಮನಾಗಿಲ್ಲ, ಹಾಕಿದ ಶ್ರಮಕ್ಕೆ ತಕ್ಕ ಗೌರವ ಒಳಗಿನವರಿಂದ ಸಿಗಲಿಲ್ಲ, ಇದು ಆತ ಕೊಟ್ಟ ಕಾರಣ. ಹದಿಮೂರು ವರ್ಷ ದುಡಿದವನು ಕೇಳಿದ್ದು ದೊಡ್ಡದಲ್ಲ.

"ಅವನು ಹೋದ್ಮೇಲೂ ಬ್ಯಾಂಡ್ ನಡೀತಲ್ಲ?" ಅಂತ ಗೆಳೆಯನ ಕೊನೇ ಬಾಣ. ನಡೀತು. 1997ರ 'ಅಲ್ಟ್ರಾ' ಬ್ರಿಟನ್ನಿನಲ್ಲಿ ಮೊದಲ ಸ್ಥಾನಕ್ಕೇ ಹೋಯ್ತು. ಅಮ್ಮ ಊರಿಗೆ ಹೋದಾಗಲೂ ಮನೇಲಿ ಅಡುಗೆ ಆಗುತ್ತೆ ಮಾರಾಯ, ಕೆಲವೊಮ್ಮೆ ಚೆನ್ನಾಗೇ ಆಗುತ್ತೆ. ಅಷ್ಟಕ್ಕೇ ಅಮ್ಮ ಏನೂ ಮಾಡ್ತಿರಲಿಲ್ಲ ಅಂತೀಯಾ?

2010ರಲ್ಲಿ ಲಂಡನ್ನಿನ ರಾಯಲ್ ಆಲ್ಬರ್ಟ್ ಹಾಲ್‌ನಲ್ಲಿ ವೈಲ್ಡರ್ ಒಂದೇ ಒಂದು ಹಾಡಿಗೆ ಬಂದು ಪಿಯಾನೋ ನುಡಿಸಿದ, ಗೋರ್ ಹಾಡಿದ. 2020ರಲ್ಲಿ ರಾಕ್ ಅಂಡ್ ರೋಲ್ ಹಾಲ್ ಆಫ್ ಫೇಮ್ ಬ್ಯಾಂಡನ್ನ ಸೇರಿಸಿಕೊಂಡಾಗ ಪಟ್ಟಿಯಲ್ಲಿ ಈತನ ಹೆಸರೂ ಇತ್ತು. ಬಿಟ್ಟುಹೋಗಿ ಇಪ್ಪತ್ತೈದು ವರ್ಷದ ಮೇಲೆ! ಒಳ್ಳೇದೇ. ಆದ್ರೆ ಒಟ್ಟಿಗೆ ಕೂತು ಕೆಲಸ ಮಾಡುವಾಗ ಹೇಳಬೇಕಾದ "ನಿನ್ನಿಂದ ಆಯ್ತು ಕಣೋ" ಅನ್ನೋ ಒಂದು ಮಾತನ್ನ ಹಾಲ್ ಆಫ್ ಫೇಮ್ ಹೇಳೋಕಾಗುತ್ತಾ?

ಇವತ್ತು ರಾತ್ರಿ ನಿಮ್ಮ ಇಷ್ಟದ ಯಾವುದಾದ್ರೂ ಹಾಡು ಹಾಕಿ. ಹಾಡೋರನ್ನ ಬಿಟ್ಟು, ಹಿಂದಿರೋದನ್ನ ಮಾತ್ರ ಕೇಳಿ. ಅದನ್ನ ನುಡಿಸಿದವರ ಹೆಸರು ಗೊತ್ತಿದ್ರೆ ಕೆಳಗೆ ಬರೀರಿ. ಗೊತ್ತಿಲ್ಲದಿದ್ರೆ... ಹುಡುಕಿ ಬರೀರಿ.