ಎಣ್ಣೆಯೂ ಪ್ಲಾಸ್ಟಿಕ್ಕೂ ದಾಯಾದಿಗಳು

ಪೆಟ್ರೋಲು, ಡೀಸೆಲು, ಸೀಮೆಎಣ್ಣೆ, ವ್ಯಾಸಲೀನು ಇವೆಲ್ಲವೂ ಭೂಗರ್ಭದ ಕಚ್ಚಾ ತೈಲದ ಸಂತಾನ. ಮನೆಯ ಬಕೀಟು, ಡಬ್ಬಿ, ಸೀಸೆಗಳ ಪ್ಲಾಸ್ಟಿಕ್ಕೂ ಬಹುಮಟ್ಟಿಗೆ ಅದೇ ವಂಶದ್ದು. ಒಂದೇ ಮನೆತನದವರೆಂದ ಮಾತ್ರಕ್ಕೆ ಹೊಂದಿ ಬಾಳುವರೆಂದು ನಂಬುವ ಹಾಗಿಲ್ಲ. ದಾಯಾದಿಗಳ ರೀತಿ ಯಾರಿಗೆ ತಿಳಿಯದು? ಸ್ವಭಾವದಲ್ಲಿ ಸಾಮ್ಯವುಳ್ಳ ವಸ್ತುಗಳು ಒಂದರಲ್ಲೊಂದು ಬೆರೆಯುತ್ತವೆ ಎಂಬುದು ರಸಾಯನಶಾಸ್ತ್ರದ ಹಳೆಯ ಸೂತ್ರ. ವರ್ಷಗಟ್ಟಲೆ ನೀರನ್ನು ಹಿಡಿದಿಡುವ ಪಾತ್ರೆ ಪೆಟ್ರೋಲಿನೆದುರು ಸೋಲುವುದಕ್ಕೆ ಇದೇ ಕಾರಣ.

ಮೈಸೂರು ಜಿಲ್ಲೆಯಲ್ಲಿ ಕೃಷ್ಣರಾಜನಗರದ ಸೀಮೆ ಭತ್ತಕ್ಕೆ ಹೆಸರಾದುದು. ಅಲ್ಲಿಯ ಹೊಸ ಅಗ್ರಹಾರದಂಥ ಊರುಗಳಲ್ಲಿ ಗದ್ದೆಯ ಕೆಲಸಕ್ಕೆ ಟಿಲ್ಲರು, ಪಂಪು, ಔಷಧಿ ಸಿಂಪಡಿಸುವ ಯಂತ್ರಗಳು ಬಂದ ಮೇಲೆ ಇಂಧನವೂ ಮನೆಯೊಳಗೆ ಬಂದಿತು. ಪಟ್ಟಣದ ಮನೆಗಳಲ್ಲಿಯೂ ಸ್ಕೂಟರಿಗೆಂದು ತಂದ ಪೆಟ್ರೋಲು, ಬಣ್ಣದ ಕುಂಚ ತೊಳೆಯುವ ಎಣ್ಣೆ ಯಾವುದೋ ಮೂಲೆಯಲ್ಲಿ ಇದ್ದೇ ಇರುತ್ತವೆ. ಯಾವುದನ್ನು ಯಾವುದರಲ್ಲಿ ಇಡಬೇಕೆಂಬ ಪ್ರಶ್ನೆ ಹಳ್ಳಿಗೂ ಪಟ್ಟಣಕ್ಕೂ ಸಮಾನವಾದುದು.

ಎಲ್ಲ ಪ್ಲಾಸ್ಟಿಕ್ಕುಗಳ ಗುಣ ಒಂದೇ ಅಲ್ಲ. ಥರ್ಮೋಕೋಲು ಗಾಳಿ ತುಂಬಿದ ಪಾಲಿಸ್ಟೈರೀನು. ಅದರ ಮೇಲೆ ಪೆಟ್ರೋಲು ಬಿದ್ದರೆ ನೋಡನೋಡುತ್ತಿದ್ದಂತೆಯೇ ಕುಸಿದು ಅಂಟಾಗುತ್ತದೆ. ಗಾಜಿನಂತೆ ಹೊಳೆಯುವ ಅಗ್ಗದ ಡಬ್ಬಿಗಳಲ್ಲಿ ಅನೇಕವು ಇದೇ ಜಾತಿಯವು. ಅವು ಪೆಟ್ರೋಲು ತಾಗಿದರೆ ಮಂಕಾಗಿ ಸೀಳುತ್ತವೆ. ಪಿವಿಸಿಯ ಮೆತ್ತನೆಯ ಕೊಳವೆ, ಮೇಜಿನ ಹಾಸುಗಳ ಕಥೆ ಬೇರೆ. ಅವುಗಳ ಮೃದುತ್ವ ಬೆರೆಸಿದ ದ್ರವ್ಯದಿಂದ ಬಂದುದು; ಸೀಮೆಎಣ್ಣೆ, ಪೆಟ್ರೋಲುಗಳು ಆ ದ್ರವ್ಯವನ್ನು ಹೊರಗೆಳೆಯುತ್ತವೆ. ಆಗ ಕೊಳವೆ ಒಣಗಿದ ಬಳಿಕ ಕಡ್ಡಿಯಂತಾಗಿ ಬಿರಿಯುತ್ತದೆ.

ಪಾಲಿಥೀನು ಕರಗುವುದಿಲ್ಲ. ಆದರೆ ಪೆಟ್ರೋಲಿನ ಅಣುಗಳು ಅದರ ಗೋಡೆಯೊಳಗೆ ನುಸುಳಿ ಮೆಲ್ಲಮೆಲ್ಲನೆ ಹೊರಬೀಳುತ್ತವೆ. ಬಿರಡೆ ಬಿಗಿಯಾಗಿದ್ದರೂ ಕೋಣೆಯಲ್ಲಿ ವಾಸನೆ ಹರಡುವುದಕ್ಕೆ ಇದೂ ಒಂದು ಕಾರಣ. ನೈಸರ್ಗಿಕ ರಬ್ಬರಂತೂ ಎಣ್ಣೆಯನ್ನು ಹೀರಿ ಉಬ್ಬುತ್ತದೆ. ಅಂಥ ರಬ್ಬರಿನ ಕೈಗವಸಿಗೆ ವ್ಯಾಸಲೀನು ಸವರುವುದು ಅದರ ಆಯುಸ್ಸನ್ನು ಸವೆಸಿದಂತೆಯೇ.

ಪಾಲಿಥೀನು ಇಂಗ್ಲೆಂಡಿನಲ್ಲಿ ಕಂಡುಬಂದುದು 1933ರಲ್ಲಿ. ಮರುವರ್ಷವೇ, 1934ರಲ್ಲಿ, ಭಾರತದ ಪೆಟ್ರೋಲಿಯಂ ಅಧಿನಿಯಮವು ರಚಿತವಾಯಿತು. ಮಾರಾಟಕ್ಕಲ್ಲದ ಪೆಟ್ರೋಲನ್ನು ಪರವಾನಗಿಯಿಲ್ಲದೆ 30 ಲೀಟರಿನವರೆಗೆ ಇಟ್ಟುಕೊಳ್ಳಲು ಅದರಲ್ಲಿ ಅವಕಾಶವಿದೆ. ಆದರೆ ಪಾತ್ರೆಯು ಬಿರಡೆಯುಳ್ಳ ಗಾಜಿನದು, ಜಾಡಿಮಣ್ಣಿನದು ಇಲ್ಲವೆ ಲೋಹದ್ದಾಗಿರಬೇಕು. ಮೊದಲಿನ ಎರಡಾದರೆ 1 ಲೀಟರು, ಲೋಹವಾದರೆ 25 ಲೀಟರು ಮಿತಿ. ಪ್ಲಾಸ್ಟಿಕ್ಕಿನ ಹೆಸರೇ ಅಲ್ಲಿಲ್ಲ. ಪೆಟ್ರೋಲು ಸುರಿಯುವಾಗ ಪ್ಲಾಸ್ಟಿಕ್ಕಿನಲ್ಲಿ ಸ್ಥಾಯೀ ವಿದ್ಯುತ್ತು ಸಂಚಯವಾಗಿ ಕಿಡಿ ಹಾರಬಹುದೆಂಬುದನ್ನೂ ಮರೆಯಬಾರದು.

ಪಾತ್ರೆ ಸೀಳಿದರೆ ಹೊಸದನ್ನು ಕೊಳ್ಳಬಹುದು. ಅದಕ್ಕಿಂತ ಘೋರವಾದ ಅಪಾಯ ಗಟ್ಟಿಮುಟ್ಟಾದ ಸೀಸೆಯಿಂದಲೇ ಬರುತ್ತದೆ. ನೀರು ಮಾರುವ ಸೀಸೆಯನ್ನು ಸೀಮೆಎಣ್ಣೆ ಅಷ್ಟು ಬೇಗ ಕೆಡಿಸುವುದಿಲ್ಲ. ಹೀಗಾಗಿ ಅದು ಅಡುಗೆಮನೆಯ ಮೂಲೆಯಲ್ಲಿ ನೀರಿನಂತೆಯೇ ತೋರುತ್ತ ನಿಂತಿರುತ್ತದೆ. ಬಾಯಾರಿದ ಮಗುವಿಗೆ ಸೀಸೆಯ ಮೇಲಿನ ಚೀಟಿ ಓದಲು ಬಾರದು. ಒಂದು ಗುಟುಕು ಶ್ವಾಸಕೋಶಕ್ಕೆ ಇಳಿದರೂ ಪ್ರಾಣಕ್ಕೆ ಕುತ್ತು. ಅಂಥ ಸಮಯದಲ್ಲಿ ಗಂಟಲಿಗೆ ಬೆರಳಿಟ್ಟೋ ಉಪ್ಪುನೀರು ಕುಡಿಸಿಯೋ ವಾಂತಿ ಮಾಡಿಸುವುದು ಬೆಂಕಿಗೆ ತುಪ್ಪ ಸುರಿದಂತೆ. ವಾಂತಿಯೊಡನೆ ಎಣ್ಣೆ ಮತ್ತೆ ಮೇಲೇರಿ ಶ್ವಾಸಕೋಶವನ್ನು ಸೇರಬಹುದು. ತಡಮಾಡದೆ ಆಸ್ಪತ್ರೆಗೆ ಒಯ್ಯುವುದೊಂದೇ ದಾರಿ.

ಎಣ್ಣೆಗೆ ತಕ್ಕ ಪಾತ್ರೆ, ಪಾತ್ರೆಗೆ ಬೀಗವುಳ್ಳ ಎತ್ತರದ ಜಾಗ ಪ್ರತಿ ಮನೆಯಲ್ಲಿಯೂ ಇರಲಿ. ನೀರಿನ ಸೀಸೆ ನೀರಿಗೇ ಮೀಸಲಾಗಿರಲಿ.