ಎಲೆಮರೆಯ ಕಾಯಿ ಎಂದವರೇ, ಆ ಎಲೆ ಯಾರು?

ದೊಡ್ಡ ನಗರದ ಒಂದು ವಸ್ತುಸಂಗ್ರಹಾಲಯದಲ್ಲಿ ಗಾಜಿನ ಹಿಂದೆ ಒಂದು ಕೌದಿ ತೂಗುಹಾಕಿದ್ದರು. ಮೇಲಿಂದ ಅದಕ್ಕೊಂದು ದೀಪ. ಪಕ್ಕದ ಚೀಟಿಯಲ್ಲಿ ನಾಲ್ಕು ಸಾಲು: ಕೌದಿ. ಉತ್ತರ ಕರ್ನಾಟಕ. ಹತ್ತಿ ಬಟ್ಟೆ ಮತ್ತು ನೂಲು. ಕಲಾವಿದರು: ಅಜ್ಞಾತ.

ನಾನು ಕೊಪ್ಪಳ ಸೀಮೆಯ ಗಿಣಿಗೇರಾದವನು. ಕೌದಿಯ ಮೇಲೆ ಹುಟ್ಟಿ, ಕೌದಿ ಹೊದ್ದು ಬೆಳೆದವನು. ಅದರ ಹೊಲಿಗೆ ಕಣ್ಣಿಗೆ ಬಿದ್ದ ಕೂಡಲೇ ಗುರುತು ಹಿಡಿದೆ. ಅಂಚಿನಿಂದ ಹೊರಟು ಸುತ್ತು ಸುತ್ತಾಗಿ ಒಳಕ್ಕೆ ಬಂದ ಎಳೆ. ಕೆಳಗಿನ ಒಂದು ಮೂಲೆಯಲ್ಲಿ, ಉಳಿದ ಯಾವ ತುಂಡಿಗೂ ಹೊಂದದ, ಕೆಂಪು ಸೆರಗಿನ ಒಂದು ಚೂರು. ಆ ಚೂರಿನ ಎದುರು ಬಹಳ ಹೊತ್ತು ನಿಂತೆ. ಅದರ ಮಾತು ಕೊನೆಗೆ ಹೇಳುತ್ತೇನೆ. ಮೊದಲು ‘ಅಜ್ಞಾತ’ ಎಂಬ ಪದದ ಲೆಕ್ಕ ಮುಗಿಸಬೇಕಾಗಿದೆ.

ಯಾರಿಗೆ ಅಜ್ಞಾತ? ಆ ಕೌದಿ ಹೊಲಿದವಳಿಗೆ ಅವ್ವ ಇದ್ದಳು, ಅಪ್ಪ ಇದ್ದ, ತೊಟ್ಟಿಲಲ್ಲಿಟ್ಟು ಕಿವಿಯಲ್ಲಿ ಕೂಗಿದ ಹೆಸರಿತ್ತು. ಓಣಿಯ ಮಂದಿಗೆ ಅವಳು ಗೊತ್ತಿದ್ದಳು. ಕೌದಿಯನ್ನು ಕೊಂಡವನು ಅವಳ ಕಟ್ಟೆಯ ಮೇಲೆ ಕೂತು, ಅವಳು ಕೊಟ್ಟ ನೀರು ಕುಡಿದು, ರೊಕ್ಕ ಎಣಿಸಿ ಎದ್ದು ಬಂದಿರಬೇಕು. ಹೆಸರು ಕೇಳಲು ಅವನಿಗೆ ಅರ್ಧ ನಿಮಿಷ ಸಾಕಿತ್ತು. ಕೇಳಲಿಲ್ಲ. ಹಾಗಾದರೆ ಚೀಟಿಯಲ್ಲಿ ಬರೆಯಬೇಕಾದದ್ದು ಬೇರೆ: ‘ನಾವು ಕೇಳಲಿಲ್ಲ.’ ಅವರು ತಮ್ಮ ಅಲಕ್ಷ್ಯವನ್ನು ಅವಳ ಗುಣವೆಂದು ಬರೆದುಬಿಟ್ಟಿದ್ದಾರೆ.

ನಮ್ಮ ಪತ್ರಿಕೆಗಳು, ಸನ್ಮಾನ ಪತ್ರಗಳು ಇಂಥವರನ್ನು ‘ಎಲೆಮರೆಯ ಕಾಯಿ’ ಎನ್ನುತ್ತವೆ. ಕೇಳಲು ಇಂಪಾಗಿದೆ. ಆದರೆ ಕಾಯಿ ತಾನಾಗಿ ಮರೆಯಾಗುವುದಿಲ್ಲ. ಎಲೆ ಅಡ್ಡ ಇರುವುದರಿಂದ ಮರೆಯಾಗುತ್ತದೆ. ಇಷ್ಟು ವರ್ಷ ಕಾಯಿಯನ್ನು ಹೊಗಳಿದ್ದು ಸಾಕು. ಆ ಎಲೆ ಯಾವುದು, ಅದನ್ನು ಹೇಳಿ.

ಮೊದಲ ಎಲೆಯ ಹೆಸರು ‘ಕುಶಲಕರ್ಮಿ’.

ಕೊಪ್ಪಳದ ಮಗ್ಗುಲಲ್ಲೇ ಕಿನ್ನಾಳ. ಅಲ್ಲಿನ ಚಿತ್ರಗಾರರ ಮನೆಗಳಲ್ಲಿ ಗೊಂಬೆ ಹುಟ್ಟುವ ಬಗೆಯನ್ನು ನೋಡಬೇಕು. ಹಗುರ ಮರವನ್ನು ಕೆತ್ತಿ, ಅಂಗಾಂಗ ಬೇರೆ ಬೇರೆ ಮಾಡಿ, ಹುಣಸೆಬೀಜದ ಅಂಟಿನಿಂದ ಕೂಡಿಸುತ್ತಾರೆ. ಗೋಣಿನಾರು ನೆನೆಸಿ, ಚೂರು ಮಾಡಿ, ಒಣಗಿಸಿ, ಪುಡಿ ಮಾಡಿ, ಕಟ್ಟಿಗೆಯ ಹೊಟ್ಟು ಮತ್ತು ಹುಣಸೆಬೀಜದ ಅಂಟಿನ ಜೊತೆ ನಾದಿದರೆ ಅದು ಕಿಟ್ಟ. ಕಿಟ್ಟವನ್ನು ಕೈಯಿಂದಲೇ ಮೈತುಂಬ ಬಳಿದು, ಮೇಲೆ ಬಟ್ಟೆಯ ಸಣ್ಣ ತುಂಡು ಅಂಟಿಸಿ, ಅದರ ಮೇಲೆ ಕಲ್ಲಿನ ನುಣ್ಣನೆ ಪುಡಿಯ ಲೇಪ. ಆ ಲೇಪ ಆರಿದ ಮೇಲೆ ಬಣ್ಣ. ಸರ, ಬಳೆ, ಕಿರೀಟವೆಲ್ಲ ಕಲ್ಲುಪುಡಿ ಮತ್ತು ಅಂಟಿನ ಉಬ್ಬುಕೆಲಸ. ಮರ ಯಾವಾಗ ಸೀಳುತ್ತದೆ, ಅಂಟು ಯಾವ ಹದದಲ್ಲಿ ಹಿಡಿಯುತ್ತದೆ, ಯಾವ ಲೇಪ ಬಣ್ಣವನ್ನು ಕುಡಿಯುತ್ತದೆ, ಯಾವುದು ಉಗುಳುತ್ತದೆ ಎಂಬ ತಲೆಮಾರುಗಳ ಅರಿವು ಆ ಬೆರಳುಗಳಲ್ಲಿದೆ. ಹಂಪಿಯ ವಿರೂಪಾಕ್ಷ ಗುಡಿಯ ರಂಗಮಂಟಪದ ಚಿತ್ರಗಳು ತಮ್ಮ ಹಿರಿಯರ ಕೈಕೆಲಸ ಎಂಬ ನೆನಪು ಈ ಮನೆತನಗಳಲ್ಲಿ ಇಂದಿಗೂ ಇದೆ.

ಆ ರಂಗಮಂಟಪದ ಚಾವಣಿಯ ಚಿತ್ರ ಕಲಾ ಇತಿಹಾಸದ ಪುಸ್ತಕದಲ್ಲಿದೆ. ಆ ಪರಂಪರೆಯ ಇಂದಿನ ಮಕ್ಕಳು ಎಲ್ಲಿದ್ದಾರೆ? ದೇಶದಲ್ಲಿ ದೃಶ್ಯಕಲೆಗಳಿಗೆಂದು 1954ರಲ್ಲಿ ಲಲಿತ ಕಲಾ ಅಕಾಡೆಮಿ ಹುಟ್ಟಿತು. ಅದು ಸಂಸ್ಕೃತಿ ಸಚಿವಾಲಯದ ಮನೆ. ಕಿನ್ನಾಳದವರ ಕಡತ ಹೋಗುವುದು ಕರಕುಶಲದ ಕಚೇರಿಗೆ, ಅದು ಜವಳಿ ಸಚಿವಾಲಯದ ಕೆಳಗೆ. ಒಬ್ಬನಿಗೆ ಪ್ರದರ್ಶನ, ಇನ್ನೊಬ್ಬನಿಗೆ ಮಾರಾಟ ಮಳಿಗೆ. ಒಬ್ಬನ ಕೆಲಸಕ್ಕೆ ವಿಮರ್ಶೆ, ಇನ್ನೊಬ್ಬನ ಕೆಲಸಕ್ಕೆ ದರಪಟ್ಟಿ. ಒಬ್ಬನು ಮಾಡಿದ್ದು ಕೃತಿ, ಇನ್ನೊಬ್ಬನು ಮಾಡಿದ್ದು ಮಾಲು. ಕಿನ್ನಾಳ ಕಲೆಗೆ ಭೌಗೋಳಿಕ ಸೂಚಕದ (ಜಿಐ) ಮಾನ್ಯತೆ ಸಿಕ್ಕಿತು, ಊರಿಗೆ ಹೆಸರು ಬಂತು, ಅದು ನ್ಯಾಯವೇ. ಆದರೆ ಷೋಕೇಸಿನ ಗೊಂಬೆಯನ್ನು ತಿರುಗಿಸಿ ಅದರ ಬುಡ ನೋಡಿ. ಬೆಲೆಯ ಚೀಟಿ ಇರುತ್ತದೆ. ಮಾಡಿದ ಮನುಷ್ಯ ಇರುವುದಿಲ್ಲ.

ನಮ್ಮೂರ ಸುತ್ತ ಕಬ್ಬಿಣದ ಕಾರ್ಖಾನೆಗಳಿವೆ. ಒಣಗಹಾಕಿದ ಬಟ್ಟೆಯ ಮೇಲೆ ಕರಿ ಬೂದಿ ಕೂರುತ್ತದೆ. ಹೆದ್ದಾರಿಯಲ್ಲಿ ಹೋಗುವ ಲಾರಿಗಳ ಕಬ್ಬಿಣದ ತುಂಡಿನ ಮೇಲೆ ಕಂಪನಿಯ ಗುರುತು, ನಂಬರು ಇರುತ್ತದೆ. ಕಬ್ಬಿಣಕ್ಕಿರುವ ಮರ್ಯಾದೆ ಕಿನ್ನಾಳದ ಗರುಡನ ಗೊಂಬೆಗಿಲ್ಲ.

ಎರಡನೆಯ ಎಲೆ ‘ಸ್ವಯಂಕಲಿತ’.

ಈ ಪದ ಕಂಡರೆ ನನ್ನ ಮೈ ಉರಿಯುತ್ತದೆ. ಕೊಪ್ಪಳ ತಾಲ್ಲೂಕಿನ ಮೋರನಾಳದ ಭೀಮವ್ವ ದೊಡ್ಡಬಾಳಪ್ಪ ಶಿಳ್ಳೇಕ್ಯಾತರ ಅವರಿಗೆ 2025ರಲ್ಲಿ ಪದ್ಮಶ್ರೀ ಬಂತು. ಆಗ ಅವರಿಗೆ 96 ವರ್ಷ. ಏಳು ದಶಕಕ್ಕೂ ಹೆಚ್ಚು ಕಾಲ ತೊಗಲುಗೊಂಬೆ ಆಡಿಸಿದ ಜೀವ. ರಾಮಾಯಣ, ಮಹಾಭಾರತಗಳನ್ನು ಬಾಯಲ್ಲಿ ಹೊತ್ತು ವಿದೇಶಗಳಿಗೂ ಹೋಗಿ ಬಂದವರು. ಇಂಥವರು ಯಾರಿಂದಲೂ ಕಲಿಯಲಿಲ್ಲ ಎನ್ನುವುದು ಎಂಥ ಅಜ್ಞಾನ! ಗೊಂಬೆಯಾಟದ ಮನೆತನದಲ್ಲಿ ಕೂಸು ಪರದೆಯ ಹಿಂದೆ ಮಲಗಿ, ಪರದೆಯ ಹಿಂದೆ ಎದ್ದು, ಅಲ್ಲೇ ಮಾತು ಕಲಿಯುತ್ತದೆ. ಆಡಿನ ಚರ್ಮ ನೆನೆಸಿ, ಕೂದಲು ಹೆರೆದು, ಬಿಗಿದು ಒಣಗಿಸಿ, ಬೆಳಕು ಹಾಯುವಷ್ಟು ತೆಳುವಾಗಿಸಿ, ಉಳಿಯಿಂದ ಸಣ್ಣ ಸಣ್ಣ ತೂತು ಕೊರೆದು ಒಡವೆ ಮೂಡಿಸುವುದನ್ನು ಹಿರಿಯರ ಎದುರೇ ಕೂತು ಕಲಿಯಬೇಕು. ತೂತು ಒಂದು ಹೆಚ್ಚಾದರೆ ಕಿರೀಟ ಹರಿಯುತ್ತದೆ. ಪೆಟ್ಟಿಗೆಯಲ್ಲಿ ಯಾವ ಗೊಂಬೆಯ ಮೇಲೆ ಯಾವುದನ್ನಿಡಬೇಕು, ಯಾವ ಪಾತ್ರಕ್ಕೆ ಯಾವ ದನಿ, ಕಥೆ ಜೋಲು ಬಿದ್ದಾಗ ನಗಿಸುವ ಕಿಳ್ಳೇಕ್ಯಾತ, ಬಂಗಾರಕ್ಕರನ್ನು ಯಾವಾಗ ಪರದೆಗೆ ತರಬೇಕು, ಇದೆಲ್ಲ ರಾತ್ರಿ ರಾತ್ರಿ ನಡೆದ ಪಾಠ.

ಅದು ಶಾಲೆಯೇ. ಕಟ್ಟಡ ಇರಲಿಲ್ಲ, ಹಾಜರಿ ಪುಸ್ತಕ ಇರಲಿಲ್ಲ, ಅಷ್ಟೇ. 1850ರಲ್ಲಿ ಮದ್ರಾಸಿನಲ್ಲಿ, 1857ರಲ್ಲಿ ಮುಂಬಯಿಯಲ್ಲಿ ಇಂಗ್ಲಿಷರ ಕಾಲದ ಕಲಾಶಾಲೆಗಳು ಶುರುವಾದವು. ಆ ಬಾಗಿಲು ದಾಟಿದವರು ಕಲಿತವರು, ದಾಟದವರು ತಾವೇ ಕಲಿತವರು ಎಂಬ ಲೆಕ್ಕ ನಮ್ಮ ತಲೆಗೂ ಇಳಿಯಿತು. ‘ಸ್ವಯಂಕಲಿತ’ ಎಂದಾಗ ನೀವು ಒಬ್ಬಳನ್ನು ಹೊಗಳುತ್ತೀರಿ, ಅವಳಿಗೆ ಕಲಿಸಿದ ನೂರು ಜನರನ್ನು ಹೂಳುತ್ತೀರಿ.

ಯುರೋಪೂ ಇದೇ ಹಾದಿ ಹಿಡಿದಿತ್ತು. 1550ರಲ್ಲಿ ಇಟಲಿಯ ವಸಾರಿ ಚಿತ್ರಕಾರ, ಶಿಲ್ಪಿ, ವಾಸ್ತುಶಿಲ್ಪಿಗಳ ಜೀವನ ಬರೆದ. ಹೆಸರಿದ್ದವನೇ ಕಲಾವಿದ ಎಂಬ ರೂಢಿ ಬೇರೂರಿತು. ಮಗ್ಗದ ಮುಂದೆ, ಕುಲುಮೆಯ ಮುಂದೆ ಕೂತವರು ಹೊರಗುಳಿದರು. 1945ರಲ್ಲಿ ಫ್ರಾನ್ಸಿನ ದ್ಯುಬುಫೆ, ಶಾಲೆಯ ಸೋಂಕಿಲ್ಲದ ಕಲೆಯನ್ನು ಹುಡುಕುತ್ತ ಹೊರಟು ಅದಕ್ಕೆ ‘ಹಸಿ ಕಲೆ’ ಎಂಬರ್ಥದ ಹೆಸರಿಟ್ಟ. 1972ರಲ್ಲಿ ಇಂಗ್ಲೆಂಡಿನ ರೋಜರ್ ಕಾರ್ಡಿನಲ್ ಬರೆದ ಪುಸ್ತಕದಿಂದ ಅದು ‘ಹೊರಗಿನವರ ಕಲೆ’ ಆಯಿತು. ಅವರ ಪ್ರೀತಿಯ ಬಗ್ಗೆ ನನಗೆ ಸಂಶಯವಿಲ್ಲ. ಆದರೆ ‘ಹೊರಗಿನವರು’ ಎಂಬ ಮಾತು ನಮ್ಮ ನೆಲದಲ್ಲಿ ಬೇರೆಯೇ ಸದ್ದು ಮಾಡುತ್ತದೆ. ಊರ ಹೊರಗೆ ಕೇರಿ, ಗುಡಿಯ ಹೊರಗೆ ಜನ, ಪಂಕ್ತಿಯ ಹೊರಗೆ ಎಲೆ. ಈಗ ಕಲೆಯ ಇತಿಹಾಸದಲ್ಲೂ ಹೊರಗೇ ಕೂರಬೇಕೇ?

ಮೂರನೆಯ ಎಲೆ ಹೆಚ್ಚು ದಪ್ಪದ್ದು: ‘ಜಾನಪದ ಸಮೂಹದ ಸೃಷ್ಟಿ, ಅಲ್ಲಿ ವ್ಯಕ್ತಿಯ ಹೆಸರಿಗೆ ಜಾಗವಿಲ್ಲ.’ ವಿದ್ವಾಂಸರು ಇದನ್ನು ಎಷ್ಟು ಸಲ ಹೇಳಿದ್ದಾರೆಂದರೆ ನಾವೂ ನಂಬಿಬಿಟ್ಟಿದ್ದೇವೆ. ನಮ್ಮ ಹಳ್ಳಿಗೆ ಬಂದು ಕೇಳಿ. ಮಣ್ಣೆತ್ತಿನ ಅಮಾವಾಸ್ಯೆಗೆ ಕುಂಬಾರ ಮನೆಮನೆಗೆ ಕೊಟ್ಟ ಎತ್ತಿನ ಕೋಡು ನೋಡಿ ಇದು ಯಾರ ಕೈ ಎಂದು ಮುದುಕಿಯರು ಹೇಳುತ್ತಾರೆ. ಊರದೇವಿ ದ್ಯಾಮವ್ವನ ಮೂರ್ತಿಗೆ ಬಣ್ಣ ಕೊಟ್ಟಾಗ, ಹುಬ್ಬಿನ ತಿರುವು ನೋಡಿ ‘ಈ ಸಲ ಕೈ ಬದಲಾಗೇತಿ’ ಎಂದು ಗುರುತು ಹಿಡಿಯುತ್ತಾರೆ. ‘ಕೈ’ ಎಂಬುದೇ ನಮ್ಮಲ್ಲಿ ಸಹಿ. ವಸ್ತು ಊರಲ್ಲಿರುವ ತನಕ ಅದಕ್ಕೆ ಒಡೆಯನಿದ್ದಾನೆ. ಬಸ್ಸು ಹತ್ತಿ ನಗರ ಸೇರಿದ ದಿನವೇ ಅದು ಅನಾಥವಾಗುತ್ತದೆ.

ಊರೂ ಈ ಪಾಪದಿಂದ ಹೊರತಲ್ಲ. ದ್ಯಾಮವ್ವನಿಗೆ ಕೊನೆಯಲ್ಲಿ ಕಣ್ಣು ಬರೆಯುವವನು ಚಿತ್ರಗಾರ. ಕಣ್ಣು ತೆರೆದ ಮೇಲೆ ಅದು ಕಟ್ಟಿಗೆಯಲ್ಲ, ದೇವಿ. ಇಡೀ ಊರು ಅಡ್ಡಬೀಳುತ್ತದೆ. ಜಾತ್ರೆಯ ಪತ್ರಿಕೆ ಓದಿ: ಸಾನ್ನಿಧ್ಯ ವಹಿಸಿದವರು, ಅಧ್ಯಕ್ಷರು, ಶಾಸಕರು, ದೇಣಿಗೆ ಕೊಟ್ಟವರು, ಶಾಮಿಯಾನದವನು, ಪತ್ರಿಕೆ ಅಚ್ಚು ಹಾಕಿದ ಪ್ರೆಸ್ಸು. ದೇವಿಗೆ ಕಣ್ಣು ಕೊಟ್ಟವನ ಹೆಸರಿಗೆ ಒಂದು ಸಾಲು ಉಳಿದಿರುವುದಿಲ್ಲ.

ಎಲೆ ಮೂರಾದರೂ ಗಿಡ ಒಂದೇ. ಅದು ಜಾತಿ. ಚರ್ಮ ಮುಟ್ಟಿದ ಕೈ, ಮಣ್ಣು ತುಳಿದ ಕಾಲು, ಹಳೆ ಬಟ್ಟೆ ಹೊಲಿದ ಹೆಂಗಸಿನ ಬೆರಳು, ಇವು ‘ಕಸುಬು’ ಮಾಡುತ್ತವೆ, ‘ಕಲೆ’ಯನ್ನು ತಲೆ ಮಾಡುತ್ತದೆ ಎಂಬ ಹಳೆಯ ಸುಳ್ಳು. ಯಲಬುರ್ಗಾ ಸೀಮೆಯ ಇಟಗಿಗೆ ಹೋದರೆ 1112ರಲ್ಲಿ ಮಹಾದೇವ ದಂಡನಾಯಕ ಆ ಗುಡಿ ಕಟ್ಟಿಸಿದನೆಂದು ನಮ್ಮ ಮಕ್ಕಳು ಬಾಯಿಪಾಠ ಒಪ್ಪಿಸುತ್ತಾರೆ. ‘ಕಟ್ಟಿಸಿದ’ ಎಂಬ ಮಾತನ್ನು ಗಮನಿಸಿ. ಕಟ್ಟಿದವನನ್ನು ಯಾವ ಮಗುವೂ ಕೇಳುವುದಿಲ್ಲ, ನಾವು ಕೇಳಲು ಕಲಿಸಿಲ್ಲ. ಬೇಲೂರಿನ ಮದನಿಕೆಯರ ಕೆಳಗೆ ಬಳ್ಳಿಗಾವೆಯ ದಾಸೋಜ, ಅವನ ಮಗ ಚಾವಣ ತಮ್ಮ ಹೆಸರು ಕೆತ್ತಿಕೊಂಡಿದ್ದಾರೆ. ಹೆಸರಿನ ಆಸೆ ನಮ್ಮ ಕಸುಬಿನವರಿಗೆ ಇರಲಿಲ್ಲ ಎಂದು ಯಾರೂ ಹೇಳಬೇಡಿ.

ಇನ್ನೂ ದೊಡ್ಡ ಸಾಕ್ಷಿ ಹನ್ನೆರಡನೆಯ ಶತಮಾನದ ವಚನಕಾರರ ಅಂಕಿತ. ಅಂಬಿಗರ ಚೌಡಯ್ಯ, ಮಡಿವಾಳ ಮಾಚಯ್ಯ, ಆಯ್ದಕ್ಕಿ ಲಕ್ಕಮ್ಮ ತಮ್ಮ ಮಾತಿಗೆ ತಮ್ಮದೇ ಗುರುತು ಒತ್ತಿದರು. ಸೂಳೆ ಸಂಕವ್ವೆಯದು ಒಂದೇ ವಚನ ಉಳಿದಿದೆ. ಆ ಒಂದಕ್ಕೂ ಅಂಕಿತವಿದೆ, ಅದರಿಂದ ಅವಳು ಉಳಿದಿದ್ದಾಳೆ. ಅಕ್ಷರಕ್ಕೆ ಸಿಕ್ಕ ಈ ನ್ಯಾಯ ಬಣ್ಣಕ್ಕೆ, ತೊಗಲಿಗೆ, ಬಟ್ಟೆಗೆ ಯಾಕೆ ಸಿಗಲಿಲ್ಲ? 1979ರಲ್ಲಿ ಬಂಡಾಯ ಸಾಹಿತ್ಯ ಸಂಘಟನೆ ಹುಟ್ಟಿ ಸಾಹಿತ್ಯದ ಪಂಕ್ತಿಭೇದವನ್ನು ಪ್ರಶ್ನಿಸಿತು. ಕಲಾ ಇತಿಹಾಸದ ಅಡುಗೆಮನೆಯಲ್ಲಿ ಮಡಿ ಇನ್ನೂ ಮುರಿದಿಲ್ಲ.

ಹೆಸರು ಕೇಳಿದರೆ ಏನಾಗುತ್ತದೆ ಎನ್ನುವುದಕ್ಕೆ ಉದಾಹರಣೆ ಉಂಟು. 1982ರಲ್ಲಿ ತೆರೆದ ಭೋಪಾಲಿನ ಭಾರತ ಭವನಕ್ಕಾಗಿ ಕಲಾವಿದ ಜೆ. ಸ್ವಾಮಿನಾಥನ್ ಅವರ ತಂಡ ಹಳ್ಳಿಹಳ್ಳಿ ಅಲೆಯಿತು. ಪಾಟನ್‌ಗಢದ ಗೋಂಡ ಹುಡುಗ ಜನಗಢ ಸಿಂಗ್ ಶ್ಯಾಮ್ ಸಿಕ್ಕ. ಅವನ ಚಿತ್ರವನ್ನು ಅವನ ಹೆಸರಿನಿಂದಲೇ, ನಗರದ ಕಲಾವಿದರ ಸಮಕ್ಕೆ ತೂಗುಹಾಕಿದರು. 1989ರಲ್ಲಿ ಅವನ ಚಿತ್ರಗಳು ಪ್ಯಾರಿಸ್ಸಿನ ಮಹಾ ಪ್ರದರ್ಶನದಲ್ಲಿದ್ದವು. ಅವನ ಹಾದಿ ಹಿಡಿದ ಶೈಲಿಗೇ ‘ಜನಗಢ ಕಲಮ್’ ಎಂಬ ಹೆಸರು ನಿಂತಿತು. ಅದೇ ಜನಗಢ 2001ರಲ್ಲಿ ಜಪಾನಿನ ಒಂದು ಮ್ಯೂಸಿಯಮ್ಮಿನಲ್ಲಿ ಚಿತ್ರ ಬರೆಯಲು ಹೋಗಿದ್ದಾಗ ಆತ್ಮಹತ್ಯೆ ಮಾಡಿಕೊಂಡ. ಹಾಗಾಗಿ ಬರೀ ಹೆಸರು ಸಾಲದು. ಹೆಸರಿನ ಜೊತೆ ತಕ್ಕ ಕೂಲಿ, ತಕ್ಕ ಕರಾರು, ಕೆಲಸವನ್ನು ಒಲ್ಲೆ ಎನ್ನುವ ಹಕ್ಕು ಬರಬೇಕು.

ಸಂಗ್ರಹಿಸಿದವರೆಲ್ಲ ಕಳ್ಳರೆಂದು ನಾನು ಹೇಳುತ್ತಿಲ್ಲ. ಬೆಂಗಳೂರಿನ ಚಿತ್ರಕಲಾ ಪರಿಷತ್ತು ಕಟ್ಟಿದ ಎಂ.ಎಸ್. ನಂಜುಂಡರಾವ್ ಊರೂರು ತಿರುಗಿ ತೊಗಲುಗೊಂಬೆ ಕೂಡಿಹಾಕದಿದ್ದರೆ ಎಷ್ಟೋ ಗೊಂಬೆಗಳು ಇಲಿಹುಳದ ಪಾಲಾಗುತ್ತಿದ್ದವು. ಆ ಋಣ ದೊಡ್ಡದು. ಆದರೆ ಗೊಂಬೆ ಉಳಿಸಿದ ಮೇಲೆ ಗೊಂಬೆಯವರನ್ನು ಉಳಿಸುವ ಕೆಲಸ ನಮ್ಮದಾಗಿತ್ತು. ಒಬ್ಬ ಭೀಮವ್ವನಿಗೆ 96ನೇ ವಯಸ್ಸಿನಲ್ಲಿ ಪದ್ಮಶ್ರೀ ಕೊಟ್ಟು ಕೈತೊಳೆದುಕೊಳ್ಳುವಂತಿಲ್ಲ.

ನಮ್ಮ ಬೇಡಿಕೆ ಸ್ಪಷ್ಟ. ಪ್ರತಿ ವಸ್ತುಸಂಗ್ರಹಾಲಯ ‘ಅಜ್ಞಾತ’ ಎಂಬ ಚೀಟಿ ಕಿತ್ತು, ಆ ವಸ್ತು ಬಂದ ಊರಿಗೆ ಮತ್ತೆ ಹೋಗಿ ಕೇಳಲಿ. ಹಿರಿಯರು ಇನ್ನೂ ಬದುಕಿದ್ದಾರೆ, ಕೈ ಗುರುತು ಹಿಡಿಯುತ್ತಾರೆ. ಕಲಾಶಾಲೆಗಳು ಕಿನ್ನಾಳದ ಚಿತ್ರಗಾರರನ್ನು, ಮೋರನಾಳದ ಗೊಂಬೆಯವರನ್ನು ಉತ್ಸವದ ದಿನ ಕೂರಿಸಿ ಫೋಟೋ ತೆಗೆಯುವುದನ್ನು ಬಿಟ್ಟು, ವರ್ಷಪೂರ್ತಿ ಸಂಬಳ ಕೊಟ್ಟು ಮೇಷ್ಟ್ರಾಗಿ ಕರೆಯಲಿ. ಜಾತ್ರೆಯ ಪತ್ರಿಕೆಯಲ್ಲಿ ಕಣ್ಣು ಬರೆದವನ ಹೆಸರು ಶಾಸಕರ ಹೆಸರಿಗಿಂತ ಮೇಲೆ ಬರಲಿ.

ಈಗ ಆ ಕೆಂಪು ಚೂರಿನ ಮಾತು.

ನನ್ನ ಅವ್ವ ಹೊಲಿದ ಕೌದಿಗಳಲ್ಲೆಲ್ಲ ಕೆಳಗಿನ ಎಡ ಮೂಲೆಗೆ ಇಳಕಲ್ ಸೀರೆಯ ಟೋಪ ತೆನಿ ಸೆರಗಿನ ಒಂದು ತುಂಡು ಇರುತ್ತಿತ್ತು. ಉಳಿದ ಬಣ್ಣಗಳಿಗೆ ಅದು ಹೊಂದುತ್ತಿರಲಿಲ್ಲ. ಸಣ್ಣವನಿದ್ದಾಗ ಒಮ್ಮೆ ಕೇಳಿದ್ದೆ: “ಯವ್ವಾ, ಇಲ್ಲೊಂದು ಬ್ಯಾರೆ ತುಂಡು ಯಾಕ ಹಾಕ್ತಿ?”

ಅವ್ವ ಸೂಜಿ ನಿಲ್ಲಿಸಲಿಲ್ಲ. “ಹಳ್ಳದಾಗ ನಾಕು ಮಂದಿ ಕೌದಿ ಒಗದು ಒಂದ ಬಂಡಿ ಮ್ಯಾಲ ಒಣಾ ಹಾಕಿರ್ತೀವಿ. ನಂದು ಯಾವ್ದು ಅಂತ ಗೊತ್ತಾಗಬೇಕಲ್ಲೋ ತಮ್ಮಾ. ಅದು ನನ್ನ ಗುರ್ತ.”

ನಗರದ ಗಾಜಿನ ಹಿಂದಿನ ಕೌದಿ ನನ್ನ ಅವ್ವನದಲ್ಲ. ಯಾರೋ ಇನ್ನೊಬ್ಬ ತಾಯಿಯದು. ಅವಳೂ ಮೂಲೆಯಲ್ಲಿ ತನ್ನ ತುಂಡು ಇಟ್ಟಿದ್ದಾಳೆ. ಅಂಕಿತ ಒತ್ತಿಯೇ ಕಳಿಸಿದ್ದಾಳೆ. ಅವಳ ಸಹಿ ಅಲ್ಲೇ, ದೀಪದ ಬೆಳಕಲ್ಲಿ, ಎಲ್ಲರ ಕಣ್ಣೆದುರು ಇದೆ. ಓದಲು ಬಾರದವರು ಅದರ ಪಕ್ಕಕ್ಕೆ ‘ಅಜ್ಞಾತ’ ಎಂದು ಬರೆದು ಅಂಟಿಸಿದ್ದಾರೆ.