ಮುಗಿಯದ ಜಗಳಕ್ಕೆ ನಮ್ಮ ಮಕ್ಕಳೇಕೆ ಸಾಕ್ಷಿ?



‘ಅತ್ತೆಗೊಂದು ಕಾಲ, ಸೊಸೆಗೊಂದು ಕಾಲ’ ಎಂಬ ಗಾದೆಯನ್ನು ನೀವೆಲ್ಲ ಬಲ್ಲಿರಿ. 2000ನೇ ಇಸವಿ ಜುಲೈ 3ರಂದು ಸ್ಟಾರ್ ಪ್ಲಸ್ ವಾಹಿನಿಯಲ್ಲಿ ಆರಂಭವಾದ ‘ಕ್ಯೂಂಕಿ ಸಾಸ್ ಭೀ ಕಭೀ ಬಹೂ ಥೀ’ ಎಂಬ ಹಿಂದಿ ಧಾರಾವಾಹಿಯ ಹೆಸರೂ ಹೆಚ್ಚುಕಡಿಮೆ ಅದನ್ನೇ ಹೇಳುತ್ತದೆ: ಅತ್ತೆಯೂ ಒಂದು ಕಾಲಕ್ಕೆ ಸೊಸೆಯಾಗಿದ್ದವಳೇ. ಹೆಸರು ಕೇಳಿದರೆ, ಸೊಸೆಯ ಕಷ್ಟವನ್ನು ಅತ್ತೆ ಅರಿತುಕೊಳ್ಳುವ ಕಥೆಯಿರಬೇಕು ಎನಿಸುತ್ತದೆ. ಆದರೆ ಮನೆಗೆ ಬಂದದ್ದೇನು? ವಿರಾನಿ ಎಂಬ ಸಿರಿವಂತ ಗುಜರಾತಿ ಕುಟುಂಬದ ಹಗೆ, ಪಿತೂರಿ, ಕಣ್ಣೀರು. ಸತ್ತನೆಂದುಕೊಂಡ ಗಂಡ ಮರಳಿ ಬಂದ. ತಾಯಿಯೇ ಮಗನಿಗೆ ಗುಂಡಿಕ್ಕಿದಳು. 2008ರ ನವೆಂಬರ್ ತನಕ 1,800ಕ್ಕೂ ಹೆಚ್ಚು ಕಂತುಗಳು ಹೀಗೆಯೇ ಸಾಗಿದವು.

1984ರ ಜುಲೈ 7ರಂದು ದೂರದರ್ಶನದಲ್ಲಿ ಶುರುವಾದ ‘ಹಮ್ ಲೋಗ್’ನಲ್ಲೂ ಮನೆಜಗಳವಿತ್ತು. ಆದರೆ ಅದು ಕುಡಿತದಿಂದ, ಬಡತನದಿಂದ, ಹೆಣ್ಣುಮಕ್ಕಳ ಮದುವೆಯ ಚಿಂತೆಯಿಂದ ಹುಟ್ಟಿದ ಜಗಳ. ಕಂತಿನ ಕೊನೆಗೆ ನಟ ಅಶೋಕ್ ಕುಮಾರ್ ಬಂದು, ನಡೆದುದನ್ನು ಕುರಿತು ನೋಡುಗರೊಡನೆ ನಾಲ್ಕು ಮಾತಾಡುತ್ತಿದ್ದರು. 156 ಕಂತುಗಳಲ್ಲಿ ಕಥೆ ಮುಗಿಯಿತು. ದಿನದಿನವೂ ಜಾಹೀರಾತು ಮಾರಬೇಕಾದ ಧಾರಾವಾಹಿಗೆ ಆ ಭಾಗ್ಯವಿಲ್ಲ. ಜಗಳ ಬಗೆಹರಿದರೆ ನೋಡುಗ ಎದ್ದುಹೋಗುತ್ತಾನೆ. ಆದ್ದರಿಂದ ಅಲ್ಲಿ ರಾಜಿಯೆಂದರೆ ನಷ್ಟ.

ನಮ್ಮ ಹಿರಿಯರು ‘ಗಂಡ ಹೆಂಡಿರ ಜಗಳ ಉಂಡು ಮಲಗುವ ತನಕ’ ಎಂದರು. ಈ ಧಾರಾವಾಹಿಯಲ್ಲಿ ಜಗಳ ಶುರುವಾಗುತ್ತಿದ್ದುದೇ ಉಂಡ ಮೇಲೆ, ರಾತ್ರಿ ಹತ್ತೂವರೆಗೆ!

‘ನೋಡಿದರೇನಾಯಿತು, ಮಗು ನಾಲ್ಕು ಹಿಂದಿ ಮಾತು ಕಲಿಯುತ್ತದಲ್ಲ’ ಎನ್ನುತ್ತೀರಿ. ಕಲಿಯಲಿ. ಹಿಂದಿಯ ಮೇಲೆ ನಮಗೆ ದ್ವೇಷವಿಲ್ಲ. ಆದರೆ ಹಿಂದಿ ಕಲಿಸಲು ಪಾಠವಿದೆ, ಗುರುಗಳಿದ್ದಾರೆ. ಜಗಳ ಮುಗಿಸುವ ಕನ್ನಡವನ್ನು ಕಲಿಸುವವರು ಯಾರು? ‘ಹೋಗಲಿ ಬಿಡು’, ‘ತಪ್ಪಾಯಿತು’, ‘ಹೊಟ್ಟೆಗೆ ಹಾಕಿಕೋ’, ‘ಏಳು, ಒಂದು ತುತ್ತು ಉಣ್ಣು’: ಈ ಮಾತುಗಳು ಮಗುವಿಗೆ ಒಗ್ಗುವುದು ಮನೆಯೊಳಗೆ, ಅಜ್ಜಿಯ ಬಾಯಿಂದ, ಅಪ್ಪ-ಅಮ್ಮನ ಬಾಯಿಂದ. ಅಕ್ಕಲಕೋಟೆಯ ಸಂತೆಯಲ್ಲಿ ಮರಾಠಿ, ಕಾಸರಗೋಡಿನ ಬಸ್ಸಿನಲ್ಲಿ ಮಲಯಾಳ, ಹೊಸೂರಿನ ಬೀದಿಯಲ್ಲಿ ತಮಿಳು. ಶಾಲೆ ಬಿಟ್ಟ ಮೇಲೆ ನಮ್ಮ ಮಕ್ಕಳ ಕಿವಿಗೆ ಕನ್ನಡ ಬೀಳುವ ಜಾಗ ಮನೆಯೊಂದೇ. ಆ ಹೊತ್ತನ್ನೂ ವಿರಾನಿಗಳ ಪಿತೂರಿಗೆ ಒಪ್ಪಿಸಿ, ‘ಮಗನಿಗೆ ಕನ್ನಡ ಸರಿಯಾಗಿ ಬರುವುದಿಲ್ಲ’ ಎಂದು ಗುರುಗಳನ್ನು ದೂರುವುದು ಯಾವ ನ್ಯಾಯ?

ಹಾಗೆಂದು ವಾಹಿನಿ ಬದಲಿಸಿ, ಇಂಥದೇ ಕನ್ನಡ ಧಾರಾವಾಹಿಯ ಮುಂದೆ ಮಗುವನ್ನು ಕೂರಿಸಬೇಡಿ. ಹಗೆ ಕನ್ನಡದಲ್ಲಿ ಮಾತಾಡಿದ ಮಾತ್ರಕ್ಕೆ ಒಳ್ಳೆಯದಾಗದು.

2025ರ ಜುಲೈ 29ರಂದು ಇದೇ ಧಾರಾವಾಹಿ, ಅದೇ ನಾಯಕಿಯೊಂದಿಗೆ ಮತ್ತೆ ಆರಂಭವಾಯಿತು. ಈ ಸಲ ಮೊಬೈಲಿನಲ್ಲೂ ಬಂತು. ಹತ್ತೂವರೆಯ ಕಟ್ಟೂ ತಪ್ಪಿತು. ಅಂದು ಟಿವಿಯ ಮುಂದೆ ಅಮ್ಮನ ಮಡಿಲಲ್ಲಿ ಕೂತಿದ್ದ ಮಕ್ಕಳು ಇಂದು ತಾವೇ ಪಾಲಕರು. ಆ ಸಾಲಿನಲ್ಲಿ ನೀವೂ ಇರಬಹುದು. ನಿಮ್ಮ ಮನೆಯಲ್ಲಿ ಮುನಿಸು ಬಂದಾಗ ಅದನ್ನು ಯಾರ ಮಾತಿನಿಂದ ಮುಗಿಸುತ್ತೀರಿ, ತುಸು ಯೋಚಿಸಿ.

ನಾವು ಕೇಳುವುದು ದೊಡ್ಡದೇನಲ್ಲ. ಊಟದ ಹೊತ್ತಿಗೆ ಟಿವಿ ಆರಿಸಿ, ಮೊಬೈಲು ದೂರವಿಡಿ. ಮಕ್ಕಳ ಎದುರಿಗೆ ಜಗಳವಾಡಿದ್ದರೆ ಮಕ್ಕಳ ಎದುರಿಗೇ, ಕನ್ನಡದಲ್ಲೇ ರಾಜಿಯಾಗಿ. ಈ ಪಾಠವನ್ನು ಯಾವ ಶಾಲೆಯೂ ನಿಮ್ಮ ಪರವಾಗಿ ಮಾಡಲಾರದು.